ದೂರು ಕೊಟ್ಟವರೇ ಕೋರ್ಟಿಗೆ ಹೋಗದಿದ್ದರೆ ಏನಾಗುತ್ತದೆ? ಪದೇ ಪದೇ ಕೇಳುವ ಪ್ರಶ್ನೆಗಳು

ಹಾಸನದ ಕೋರ್ಟ್ ಆವರಣದಲ್ಲಿ, ಸಕಲೇಶಪುರ, ಆಲೂರು, ಬೇಲೂರು ಕಡೆಯಿಂದ ಬರುವ ಫೋನಿನಲ್ಲಿ, ಕೆಲವೊಮ್ಮೆ ಮದುವೆ ಊಟದ ಪಂಕ್ತಿಯಲ್ಲೂ ಜನ ನನ್ನನ್ನು ಕೇಳುವ ಪ್ರಶ್ನೆಗಳಿವು. ಅವರು ಕೇಳಿದ ಹಾಗೇ ಬರೆದಿದ್ದೇನೆ. ಉತ್ತರಗಳು ಕ್ರಿಮಿನಲ್ ಕೇಸಿಗೆ ಮಾತ್ರ. ಜಮೀನು, ಪಾಲು, ದಾರಿ ವ್ಯಾಜ್ಯಗಳ ಲೆಕ್ಕವೇ ಬೇರೆ.

## ಮೊದಲು ಇಷ್ಟು ತಿಳಿದಿರಲಿ

ಸಾರ್, ದೂರು ಕೊಟ್ಟಿದ್ದು ನಾನು. ನಾನೇ ಹೋಗದಿದ್ರೆ ಕೇಸು ತಾನಾಗೇ ಬಿದ್ದುಹೋಗುತ್ತಾ?

ಕೇಸು ಯಾರದ್ದು ಅನ್ನುವುದರ ಮೇಲೆ ಹೋಗುತ್ತದೆ. ನೀವು ಠಾಣೆಯಲ್ಲಿ ದೂರು ಕೊಟ್ಟು, ಎಫ್‌ಐಆರ್ ಆಗಿ, ಪೊಲೀಸರು ಚಾರ್ಜ್‌ಶೀಟ್ ಹಾಕಿದ್ದರೆ ಆ ಕೇಸು ಸರ್ಕಾರದ್ದು. ನಡೆಸುವವರು ಸರ್ಕಾರಿ ವಕೀಲರು. ನೀವು ಅಲ್ಲಿ ಒಬ್ಬ ಸಾಕ್ಷಿ, ಮುಖ್ಯ ಸಾಕ್ಷಿಯೇ ಇರಬಹುದು, ಆದರೆ ಸಾಕ್ಷಿ ಅಷ್ಟೇ. ನೀವು ಬರಲಿಲ್ಲ ಅನ್ನುವ ಒಂದೇ ಕಾರಣಕ್ಕೆ ಆ ದಿನವೇ ಕೇಸು ಮುಚ್ಚುವುದಿಲ್ಲ.

ಅದೇ ವಕೀಲರನ್ನು ಹಿಡಿದು ನೇರವಾಗಿ ಮ್ಯಾಜಿಸ್ಟ್ರೇಟ್ ಮುಂದೆ ಹಾಕಿದ ಖಾಸಗಿ ದೂರಾದರೆ ಕಥೆ ತಿರುಗುತ್ತದೆ. ಚೆಕ್ ಬೌನ್ಸ್ ಕೇಸು, ಮಾನನಷ್ಟದ ಕೇಸು ಈ ಗುಂಪಿನವು. ಇಲ್ಲಿ ಕೇಸು ಎಳೆಯಬೇಕಾದವರು ನೀವೇ. ನೀವೂ ಇಲ್ಲ, ನಿಮ್ಮ ವಕೀಲರೂ ಇಲ್ಲ, ಒಂದು ಅರ್ಜಿಯೂ ಇಲ್ಲ ಅಂದರೆ ಆರೋಪಿ ಖುಲಾಸೆಯಾಗಿ ಮನೆಗೆ ಹೋಗಬಹುದು.

ನನ್ನದು ಯಾವ ಥರದ ಕೇಸು ಅಂತ ನನಗೆ ಹೇಗೆ ಗೊತ್ತಾಗ್ಬೇಕು?

ಕೈಯಲ್ಲಿರುವ ಕಾಗದ ನೋಡಿ. ಮೇಲೆ ಕರ್ನಾಟಕ ರಾಜ್ಯ, ಇಂಥ ಪೊಲೀಸ್ ಠಾಣೆ ಅಂತಿದ್ದು, ನಿಮ್ಮ ಹೆಸರು ಸಾಕ್ಷಿ ಪಟ್ಟಿಯಲ್ಲಿ ಚಾ.ಸಾ. 1 (ಚಾರ್ಜ್‌ಶೀಟಿನ ಮೊದಲ ಸಾಕ್ಷಿ) ಅಂತಿದ್ದರೆ ಅದು ಪೊಲೀಸ್ ಕೇಸು. ದೂರುದಾರ ಅನ್ನುವ ಜಾಗದಲ್ಲಿ ನಿಮ್ಮ ಹೆಸರೇ ಇದ್ದರೆ ಖಾಸಗಿ ದೂರು. ನಂಬರ್ ನೋಡಿ ಮೋಸ ಹೋಗಬೇಡಿ. ಖಾಸಗಿ ದೂರು ಮೊದಲು ಪಿ.ಸಿ.ಆರ್. ನಂಬರಿನಲ್ಲಿದ್ದರೂ ಆಮೇಲೆ ಸಿ.ಸಿ. ನಂಬರ್ ಆಗುತ್ತದೆ, ಪೊಲೀಸ್ ಕೇಸಿಗೂ ಸಿ.ಸಿ. ನಂಬರೇ ಬೀಳುತ್ತದೆ.

ಮಧ್ಯದ್ದೊಂದು ಇದೆ. ಕೋರ್ಟಿಗೆ ಕೊಟ್ಟ ದೂರನ್ನು ಮ್ಯಾಜಿಸ್ಟ್ರೇಟರು ತನಿಖೆಗೆ ಅಂತ ಠಾಣೆಗೆ ಕಳಿಸಿರುತ್ತಾರೆ. ಅದರಲ್ಲಿ ಪೊಲೀಸರು ಚಾರ್ಜ್‌ಶೀಟ್ ಹಾಕಿದರೆ, ಶುರುವಾಗಿದ್ದು ನಿಮ್ಮಿಂದಾದರೂ, ಮುಂದೆ ಅದು ಪೊಲೀಸ್ ಕೇಸು.

ಮೊನ್ನೆ ವಾಯಿದೆ ಮರೆತೇಹೋಯ್ತು. ಈಗ ಏನ್ ಮಾಡ್ಲಿ?

ವಕೀಲರಿಗೆ ಇವತ್ತೇ ಫೋನ್ ಮಾಡಿ. ನಾಳೆ ಅನ್ನಬೇಡಿ. ಅವರು ಸಿಗದಿದ್ದರೆ ಮೊಬೈಲಿನಲ್ಲಿ ಇ-ಕೋರ್ಟ್ಸ್ ಆಪ್ ಹಾಕಿಕೊಂಡು, ನಿಮ್ಮ ಕೇಸಿನ ಗುರುತಾದ 16 ಅಕ್ಷರ-ಅಂಕಿಗಳ ಸಿಎನ್‌ಆರ್ ನಂಬರ್ ಹೊಡೆದರೆ ಮುಂದಿನ ತಾರೀಕು, ಕೇಸು ಯಾವ ಹಂತದಲ್ಲಿದೆ ಅನ್ನುವುದು ಕಾಣುತ್ತದೆ. ಬಹಳ ಸಲ ಸುಮ್ನೆ ಇನ್ನೊಂದು ತಾರೀಕು ಬಿದ್ದಿರುತ್ತದೆ. ಆ ತಾರೀಕಿಗೆ ಹೋಗಿ, ಯಾಕೆ ಬರಲಿಲ್ಲ ಅಂತ ವಕೀಲರ ಮೂಲಕ ಹೇಳಿಸಿ.

ನಾನು ಕಂಡ ಹಾಗೆ ಕೇಸು ಬೀಳುವುದು ದೂರುದಾರರ ಸೋಮಾರಿತನದಿಂದಲ್ಲ. ಅವರು ಸಿಮ್ ಬದಲಾಯಿಸಿ ವಕೀಲರಿಗೆ ಹೇಳಿರುವುದಿಲ್ಲ. ಅದಕ್ಕೇ ಜಾಸ್ತಿ ಕೇಸು ಬೀಳುವುದು.

## ಪೊಲೀಸ್ ಕೇಸಿನಲ್ಲಿ

ಸಾಕ್ಷಿ ಹೇಳೋಕೆ ಸಮನ್ಸ್ ಬಂದಿದೆ. ಈಗ ಕಾಫಿ ಕುಯ್ಲು, ಆಳು ಸಿಕ್ಕಿರೋದೇ ಈ ವಾರ. ಹೋಗದಿದ್ರೆ ನನ್ನನ್ನೇ ಅರೆಸ್ಟ್ ಮಾಡ್ತಾರಾ?

ಮೊದಲ ಸಲಕ್ಕೇ ಅಷ್ಟು ದೂರ ಹೋಗುವುದು ಅಪರೂಪ. ಮತ್ತೆ ಸಮನ್ಸ್ ಕಳಿಸುತ್ತಾರೆ. ಅದಕ್ಕೂ ಬರದಿದ್ದರೆ ಜಾಮೀನು ವಾರಂಟ್, ಆಮೇಲೆ ಜಾಮೀನಿಲ್ಲದ ವಾರಂಟ್. ದೂರು ಕೊಟ್ಟವರನ್ನೇ ಪೊಲೀಸರು ಜೀಪಿನಲ್ಲಿ ಕರೆತಂದು ಸಾಕ್ಷಿ ಕಟಕಟೆಗೆ ಹತ್ತಿಸಿದ್ದು ನಮ್ಮ ಕಡೆ ಹೊಸದೇನಲ್ಲ. ಕಾರಣವಿಲ್ಲದೆ ತಪ್ಪಿಸಿಕೊಂಡ ಸಾಕ್ಷಿಗೆ ಅದೇ ಕೋರ್ಟು 500 ರೂಪಾಯಿವರೆಗೆ ದಂಡವನ್ನೂ ಹಾಕಬಹುದು. ದಂಡ ಸಣ್ಣದು. ಊರಿನವರ ಎದುರು ಆಗುವ ಮುಜುಗರ ಸಣ್ಣದಲ್ಲ.

ಕುಯ್ಲು ನಿಜವಾದ ತೊಂದರೆಯೇ, ಒಪ್ಪುತ್ತೇನೆ. ಆದರೆ ಅದನ್ನು ಹೇಳಬೇಕಾದದ್ದು ತಾರೀಕು ಕಳೆದ ಮೇಲಲ್ಲ. ಸಮನ್ಸ್ ತಂದುಕೊಟ್ಟ ಕೋರ್ಟ್ ಪಿ.ಸಿ.ಗೆ, ಇಲ್ಲವೇ ಸರ್ಕಾರಿ ವಕೀಲರ ಕಚೇರಿಗೆ ಮುಂಚೆಯೇ ತಿಳಿಸಿ. ಬೇರೆ ತಾರೀಕು ಕೇಳಿದರೆ ಒಂದು ಸಲಕ್ಕೆ ಸಾಮಾನ್ಯವಾಗಿ ಸಿಗುತ್ತದೆ. ಹೋದ ದಿನ ಸಾಕ್ಷಿ ಭತ್ಯೆ ಕೇಳಲು ನಾಚಿಕೆ ಬೇಡ, ಅದಕ್ಕೆ ಕಾನೂನಿನಲ್ಲೇ ಅವಕಾಶ ಇದೆ.

ದೂರು ಕೊಟ್ಟವರೇ ಬರಲಿಲ್ಲ ಅಂದ್ರೂ ಶಿಕ್ಷೆ ಆಗುತ್ತಾ?

ಆಗಬಹುದು, ಬೇರೆ ಸಾಕ್ಷಿ ಗಟ್ಟಿಯಾಗಿದ್ದರೆ. ಕಣ್ಣಾರೆ ಕಂಡವರು, ಡಾಕ್ಟರು, ಸಿಸಿ ಕ್ಯಾಮೆರಾ ದೃಶ್ಯ ಇವೆಲ್ಲ ಇದ್ದು ಕೂಡಿಬಂದರೆ ಸಾಕು. ಆದರೆ ಒಂದು ಮಾತು ಜನಕ್ಕೆ ಗೊತ್ತಿಲ್ಲ. ನೀವು ಠಾಣೆಯಲ್ಲಿ ಬರೆದುಕೊಟ್ಟ ದೂರು ತಾನಾಗಿ ಸಾಕ್ಷ್ಯ ಅಲ್ಲ. ಅದರಲ್ಲಿ ಬರೆದದ್ದನ್ನು ನೀವು ಬಂದು, ಪ್ರಮಾಣ ಮಾಡಿ, ಬಾಯಲ್ಲಿ ಹೇಳಬೇಕು, ಎದುರಿನ ವಕೀಲರ ಪಾಟೀ ಸವಾಲಿಗೆ ಉತ್ತರ ಕೊಡಬೇಕು.

ನಮ್ಮ ಮಲೆನಾಡಿನ ಕಾಫಿ ಕಳ್ಳತನದ ಕೇಸುಗಳನ್ನೇ ತಗೊಳ್ಳಿ. ಕಣದಲ್ಲಿ ಒಣಗಲು ಹಾಕಿದ್ದ ಕಾಫಿ ರಾತ್ರಿ ಮಾಯ. ದೂರು ಕೊಡುವವನು ಎಸ್ಟೇಟಿನ ರೈಟರ್, ಅಂದರೆ ತೋಟದ ಲೆಕ್ಕಪತ್ರ ನೋಡುವವನು. ಪೊಲೀಸರು ಮೂಟೆ ಹಿಡಿಯುತ್ತಾರೆ, ಮಹಜರು ಬರೆಯುತ್ತಾರೆ, ಚಾರ್ಜ್‌ಶೀಟ್ ಹಾಕುತ್ತಾರೆ. ವಿಚಾರಣೆಗೆ ಬರುವ ಹೊತ್ತಿಗೆ ರೈಟರ್ ಆ ತೋಟ ಬಿಟ್ಟು ಇನ್ನೆಲ್ಲೋ ಸೇರಿರುತ್ತಾನೆ. ನೋಡಿದ ಕೂಲಿಯವರು ಲೈನ್ ಮನೆ ಖಾಲಿ ಮಾಡಿ ಅಸ್ಸಾಂಗೆ ಹೋಗಿ ಆಗಿದೆ. ಆ ಮೂಟೆ ನಮ್ಮದೇ, ಚೀಲದ ಮೇಲಿನ ಗುರುತು ನಮ್ಮದೇ ಅಂತ ಕೋರ್ಟಿನಲ್ಲಿ ಹೇಳುವವರೇ ಇಲ್ಲ. ಸಮನ್ಸ್, ವಾರಂಟ್ ಎಲ್ಲ ‘ವಿಳಾಸದಲ್ಲಿ ಇಲ್ಲ’ ಅಂತ ವಾಪಸ್ ಬರುತ್ತವೆ. ಕೊನೆಗೆ ಕೋರ್ಟು ಆ ಸಾಕ್ಷಿಯನ್ನು ಕೈಬಿಟ್ಟು, ಉಳಿದ ಪೊಲೀಸ್ ಸಾಕ್ಷಿಗಳನ್ನು ನೋಡಿ, ಸಾಕ್ಷ್ಯ ಸಾಲದು ಅಂತ ಆರೋಪಿಯನ್ನು ಬಿಡುತ್ತದೆ. ಇಂಥ ದೂರು ಕೊಡುವಾಗ ರೈಟರ್ ಜೊತೆ ಮಾಲೀಕರ ಹೇಳಿಕೆಯನ್ನೂ ಬರೆಸಿ, ಕೆಲಸ ಬಿಡುವವರ ಹೊಸ ವಿಳಾಸ, ಫೋನ್ ನಂಬರ್ ಬರೆದಿಟ್ಟುಕೊಳ್ಳಿ.

ಅವರ ಜೊತೆ ಮಾತುಕತೆ ಮುಗೀತು, ಊರಿನವರೇ ಕೂರಿಸಿ ರಾಜಿ ಮಾಡಿಸಿದ್ರು. ಇನ್ನು ಸುಮ್ನೆ ಹೋಗದೆ ಇದ್ರೆ ಸಾಕಲ್ವಾ?

ಸಾಲದು. ಊರಲ್ಲಿ ಆದ ರಾಜಿ ಕೋರ್ಟಿಗೆ ಗೊತ್ತಾಗುವುದಿಲ್ಲ. ನಿಮ್ಮ ಹೆಸರಿಗೆ ವಾರಂಟ್ ಓಡಾಡುತ್ತಲೇ ಇರುತ್ತದೆ. ಸಣ್ಣ ಹೊಡೆದಾಟದಂಥ ಕೇಸಾದರೆ ಇಬ್ಬರೂ ಹೋಗಿ ರಾಜಿ ಅರ್ಜಿ ಹಾಕಿ, ಅದೇ ದಿನ ಮುಗಿಸಿಕೊಂಡು ಬರಬಹುದು. ಕೆಲವು ಅಪರಾಧಗಳ ರಾಜಿಗೆ ಕೋರ್ಟಿನ ಅನುಮತಿ ಬೇಕು. ಕೊಲೆ ಯತ್ನ, ಪೋಕ್ಸೋ ಇಂಥವನ್ನು ಕೆಳಗಿನ ಕೋರ್ಟಿನಲ್ಲಿ ರಾಜಿ ಮಾಡಿಕೊಳ್ಳಲು ಆಗುವುದೇ ಇಲ್ಲ. ರಾಜಿಗೆ ಬಾರದ ಕೆಲವು ಕೇಸು, ಮುಖ್ಯವಾಗಿ ಹಣಕಾಸಿನವು ಮತ್ತು ಮನೆಯೊಳಗಿನ ಜಗಳದವು, ಬೆಂಗಳೂರಿನ ಹೈಕೋರ್ಟಿಗೆ ಹೋಗಿ ರದ್ದು ಮಾಡಿಸುವ ದಾರಿ ಇದೆ. ಖರ್ಚು ಜಾಸ್ತಿ, ಆದರೆ ನೇರ ದಾರಿ.

ಹೋದ್ರೆ ನೋಡ್ಕೋತೀವಿ ಅಂತ ಹೆದರಿಸ್ತಿದ್ದಾರೆ. ಅದಕ್ಕೇ ಹೋಗ್ತಿಲ್ಲ ಸಾರ್.

ಇದನ್ನು ಮುಚ್ಚಿಟ್ಟುಕೊಂಡರೆ ನಿಮ್ಮ ಗೈರುಹಾಜರಿ ಬರೀ ಗೈರುಹಾಜರಿಯಾಗಿ ದಾಖಲಾಗುತ್ತದೆ. ಸಾಕ್ಷಿಯನ್ನು ಹೆದರಿಸುವುದೇ ಬೇರೆ ಅಪರಾಧ. ಬರೆದು ಕೊಡಿ, ಠಾಣೆಗೂ, ಸರ್ಕಾರಿ ವಕೀಲರಿಗೂ. 2018ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದ ಸಾಕ್ಷಿ ಸಂರಕ್ಷಣಾ ಯೋಜನೆ ಇದೆ. ಜಿಲ್ಲಾ ನ್ಯಾಯಾಧೀಶರ ಅಧ್ಯಕ್ಷತೆಯ ಸಮಿತಿ ಅರ್ಜಿಯನ್ನು ನೋಡುತ್ತದೆ. ಬರೆಯಲು ಸಹಾಯ ಬೇಕಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೆಂಗಸರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ.

ಪೊಲೀಸರು ಬಿ ರಿಪೋರ್ಟ್ ಹಾಕಿದ್ದಾರೆ ಅಂತ ಕೋರ್ಟಿಂದ ನೋಟಿಸ್ ಬಂದಿದೆ. ಹೋಗಲೇಬೇಕಾ?

ದೂರು ಮುಂದುವರಿಯಬೇಕು ಅಂತಿದ್ದರೆ ಖಂಡಿತ ಹೋಗಬೇಕು. ಬಿ ರಿಪೋರ್ಟ್ ಅಂದರೆ ಈ ದೂರಿನಲ್ಲಿ ಹುರುಳಿಲ್ಲ, ಮುಚ್ಚಿಬಿಡಿ ಅಂತ ಪೊಲೀಸರು ಹೇಳಿದ ಹಾಗೆ. ಮುಚ್ಚುವ ಮುಂಚೆ ನಿಮ್ಮ ಮಾತು ಕೇಳಲೆಂದೇ ಆ ನೋಟಿಸ್. ವಕೀಲರ ಜೊತೆ ಹೋಗಿ ತಕರಾರು ಅರ್ಜಿ ಹಾಕಿ, ಪ್ರಮಾಣ ಹೇಳಿಕೆ ಕೊಡಿ. ನೋಟಿಸ್ ತಲುಪಿಯೂ ನೀವು ಬರಲಿಲ್ಲ ಅಂದರೆ ಕೋರ್ಟು ಪೊಲೀಸರ ಮಾತನ್ನೇ ಒಪ್ಪಿ ಕಡತ ಮುಚ್ಚಬಹುದು.

## ಖಾಸಗಿ ದೂರು, ಅದರಲ್ಲೂ ಚೆಕ್ ಕೇಸು

ನಮ್ಮ ಭಾವನ ಚೆಕ್ ಕೇಸಲ್ಲಿ ಅವರು ಬರಲಿಲ್ಲ ಅಂತ ಆರೋಪಿನ ಬಿಟ್ಟೇಬಿಟ್ರಂತೆ. ಹಾಗೆ ಮಾಡೋಕಾಗುತ್ತಾ?

ಆಗುತ್ತದೆ. ಹಳೇ ಸಿಆರ್‌ಪಿಸಿಯ (ದಂಡ ಪ್ರಕ್ರಿಯಾ ಸಂಹಿತೆಯ) 256ನೇ ಕಲಂ, ಈಗ ಅದರ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್‌ನ 279ನೇ ಕಲಂ ಹೇಳುವುದು ಇದನ್ನೇ. ದೂರಿನ ಮೇಲೆ ಆರೋಪಿಗೆ ಸಮನ್ಸ್ ಹೋದ ಮೇಲೆ, ಯಾವುದೇ ವಾಯಿದೆಯಲ್ಲಿ ದೂರುದಾರ ಬರದಿದ್ದರೆ ಮ್ಯಾಜಿಸ್ಟ್ರೇಟರು ಆರೋಪಿಯನ್ನು ಖುಲಾಸೆ ಮಾಡಬಹುದು. ಮುಂದಕ್ಕೆ ಹಾಕಲು ಕಾರಣ ಕಂಡರೆ ಮುಂದಕ್ಕೂ ಹಾಕಬಹುದು. ಎರಡು ವರ್ಷದವರೆಗಿನ ಶಿಕ್ಷೆಯ ಕೇಸುಗಳಿಗೆ ಇದು ಅನ್ವಯ. ಚೆಕ್ ಕೇಸು ಅದರಲ್ಲೇ ಬರುತ್ತದೆ.

ಅದು ಹೇಗೆ ಆಗುತ್ತದೆ ನೋಡಿ. ಆಲೂರಿನ ಕಡೆಯ ಒಬ್ಬ ಶುಂಠಿ ಬೆಳೆಗಾರ, ವ್ಯಾಪಾರಿ ಕೊಟ್ಟ ಚೆಕ್ ಬೌನ್ಸ್ ಆಗಿ ಕೇಸು ಹಾಕಿದ್ದಾನೆ ಅಂದುಕೊಳ್ಳಿ. ಬೆಳಗ್ಗೆ ಜವಾನ ಬಾಗಿಲಲ್ಲಿ ನಿಂತು ನಂಬರ್, ಹೆಸರು ಕೂಗುತ್ತಾನೆ. ಆರೋಪಿ ಒಳಗೆ ಬಂದು ಕೈಕಟ್ಟಿ ನಿಲ್ಲುತ್ತಾನೆ. ದೂರುದಾರ ಇಲ್ಲ. ಅವನ ವಕೀಲರು ಪಕ್ಕದ ಹಾಲಿನಲ್ಲಿ ಇನ್ನೊಂದು ಕೇಸಿನ ಪಾಟೀ ಸವಾಲಿನಲ್ಲಿದ್ದಾರೆ. ಆಮೇಲೆ ಕರೆಯೋಣ ಅಂತ ಕಡತ ಬದಿಗೆ ಹೋಗುತ್ತದೆ. ಊಟದ ಮುಂಚೆ ಇನ್ನೊಮ್ಮೆ ಕೂಗು. ಸಂಜೆ ಮತ್ತೊಮ್ಮೆ. ಆರ್ಡರ್ ಶೀಟಿನಲ್ಲಿ ಬೀಳುವುದು ನಾಲ್ಕೇ ಸಾಲು: ದೂರುದಾರ ಗೈರು, ಅರ್ಜಿ ಇಲ್ಲ, ಹಿಂದಿನ ವಾಯಿದೆಗಳಲ್ಲೂ ಗೈರು, ಆರೋಪಿಯನ್ನು ಖುಲಾಸೆ ಮಾಡಿದೆ. ಚೆಕ್ ನಿಜವೋ ಸುಳ್ಳೋ, ಸಾಲ ಇತ್ತೋ ಇಲ್ಲವೋ, ಯಾರೂ ನೋಡಲೇ ಇಲ್ಲ.

ಆದರೆ ಇದಕ್ಕೆ ಲಗಾಮೂ ಇದೆ. ದೂರುದಾರರ ಸಾಕ್ಷ್ಯ ಆಗಲೇ ಮುಗಿದಿದ್ದರೆ, ಆ ದಿನ ಅವರಿಂದ ಆಗಬೇಕಾದ ಕೆಲಸವೇ ಇಲ್ಲದಿದ್ದರೆ, ಬರಲಿಲ್ಲ ಅಂತ ಮಾತ್ರಕ್ಕೆ ಖುಲಾಸೆ ಮಾಡುವುದು ಸರಿಯಲ್ಲ ಅಂತ ಸುಪ್ರೀಂ ಕೋರ್ಟ್ ಅಸೋಸಿಯೇಟೆಡ್ ಸಿಮೆಂಟ್ ಕಂಪನಿಯ ಕೇಸಿನಲ್ಲೂ, 2008ರ ಎಸ್. ಆನಂದ್ ಕೇಸಿನಲ್ಲೂ ಹೇಳಿದೆ. ಕೇಸು ಹಾಕಿ ಎಳೆದಾಡಿಸುವವರಿಗೆ ಅಂತ ಮಾಡಿದ ಕಲಂ ಇದು.

ಹೊಸ ಕಾನೂನಲ್ಲಿ ಮೂವತ್ತು ದಿನ ಟೈಮ್ ಕೊಡಲೇಬೇಕಂತೆ. ನನ್ನ ಕೇಸಿಗೂ ಸಿಗುತ್ತಾ?

ಬಿಎನ್‌ಎಸ್‌ಎಸ್ ಜಾರಿಗೆ ಬಂದದ್ದು 2024ರ ಜುಲೈ 1ರಂದು. ಹಾಜರಾಗಲು ದೂರುದಾರರಿಗೆ 30 ದಿನ ಸಮಯ ಕೊಟ್ಟ ಮೇಲೆ ಖುಲಾಸೆ ಅನ್ನುವ ಮಾತು ಅದರಲ್ಲಿ ಹೊಸದಾಗಿ ಸೇರಿದೆ. ಒಳ್ಳೆಯದೇ ಆಯಿತು. ಆದರೆ ಆ ತಾರೀಕಿಗೆ ಮುಂಚೆಯೇ ಕೋರ್ಟಿನಲ್ಲಿದ್ದ ಕೇಸು ಹಳೇ ಸಿಆರ್‌ಪಿಸಿ ಪ್ರಕಾರವೇ ಮುಂದುವರಿಯುತ್ತದೆ. 2022ರಲ್ಲಿ ಹಾಕಿದ ಚೆಕ್ ಕೇಸು ಇಟ್ಟುಕೊಂಡು ತಿಂಗಳು ಸಮಯ ಇದೆ ಅಂತ ಮನೆಯಲ್ಲಿ ಕೂರಬೇಡಿ.

ವಕೀಲರಿಗೆ ದುಡ್ಡು ಕೊಟ್ಟಿದ್ದೀನಲ್ಲ, ಅವರೊಬ್ಬರು ಇದ್ರೆ ಸಾಕಲ್ವಾ?

ಬಹಳಷ್ಟು ವಾಯಿದೆಗಳಿಗೆ ಸಾಕು. ವಕೀಲರು ಇದ್ದರೆ ದೂರುದಾರರ ಹಾಜರಿಗೆ ವಿನಾಯಿತಿ ಕೊಟ್ಟು ಕೇಸು ನಡೆಸಬಹುದು ಅಂತ ಅದೇ ಕಲಂನಲ್ಲಿದೆ. ಜ್ವರ, ಮನೆಯಲ್ಲಿ ಸಾವು, ಮಳೆಗಾಲದಲ್ಲಿ ಶಿರಾಡಿಯಲ್ಲಿ ಗುಡ್ಡ ಕುಸಿದು ರಸ್ತೆ ಬಂದ್, ಏನೇ ಇರಲಿ, ಕೇಸು ಕೂಗುವ ಮುಂಚೆ ಹಾಜರಿ ವಿನಾಯಿತಿ ಅರ್ಜಿ ಒಳಗೆ ಹೋಗಿರಬೇಕು. ಅದಕ್ಕೆ ನೀವು ಬೆಳಗ್ಗೆ ಎದ್ದ ತಕ್ಷಣ ವಕೀಲರಿಗೆ ಹೇಳಿರಬೇಕು, ಹನ್ನೆರಡು ಗಂಟೆಗಲ್ಲ. ಸಾಧ್ಯವಿದ್ದರೆ ಡಾಕ್ಟರ್ ಚೀಟಿಯ ಫೋಟೋ ಕಳಿಸಿ.

ವಕೀಲರಿಂದ ಆಗದ ಕೆಲಸ ಎರಡು. ಶುರುವಿನ ಪ್ರಮಾಣ ಹೇಳಿಕೆ ನಿಮ್ಮದೇ ಆಗಬೇಕು. ಚೆಕ್ ಕೇಸಿನಲ್ಲಿ ಅದನ್ನೂ ಮುಖ್ಯ ವಿಚಾರಣೆಯನ್ನೂ (ನಿಮ್ಮ ವಕೀಲರು ಕೇಳಿ ಹೇಳಿಸುವ ಸಾಕ್ಷ್ಯ) ಅಫಿಡವಿಟ್‌ನಲ್ಲಿ ಕೊಡಬಹುದು. ಪಾಟೀ ಸವಾಲಿಗೆ ಮಾತ್ರ ನೀವೇ ನಿಲ್ಲಬೇಕು. ಅದಕ್ಕೆ ತಪ್ಪಿಸಿಕೊಳ್ಳುತ್ತಲೇ ಇದ್ದರೆ ನಿಮ್ಮ ಅಫಿಡವಿಟ್‌ಗೆ ಬೆಲೆ ಉಳಿಯುವುದಿಲ್ಲ.

ಕೇಸು ಹಾಕಿದ್ದು ಅಮ್ಮ. ಈಗ ಮೊಣಕಾಲು ನೋವು, ಮೂಡಿಗೆರೆಗೆ ಬಸ್ಸಲ್ಲಿ ಕರ್ಕೊಂಡು ಹೋಗೋಕಾಗಲ್ಲ. ನಾನು ಹೋಗಿ ಹೇಳಬಹುದಾ?

ಅಧಿಕಾರ ಪತ್ರ, ಅಂದರೆ ಜಿಪಿಎ, ಮಾಡಿಸಿಕೊಂಡು ಕೇಸು ನಡೆಸಬಹುದು. ಸಾಕ್ಷಿ ಹೇಳುವುದಕ್ಕೆ ಒಂದು ಷರತ್ತು: ಆ ವ್ಯವಹಾರ ನಿಮಗೆ ಖುದ್ದಾಗಿ ಗೊತ್ತಿರಬೇಕು. ದುಡ್ಡು ಕೊಡುವಾಗ ನೀವೂ ಇದ್ದಿರಿ, ಚೆಕ್ ಬ್ಯಾಂಕಿಗೆ ಹಾಕಿದ್ದೇ ನೀವು, ಇಂಥದ್ದು. ‘ಅಮ್ಮ ಹೇಳಿದ್ದು ಕೇಳಿದ್ದೀನಿ’ ಅನ್ನುವುದು ಪಾಟೀ ಸವಾಲಿನಲ್ಲಿ ಎರಡು ನಿಮಿಷ ನಿಲ್ಲುವುದಿಲ್ಲ. ಅಮ್ಮನಿಗೇ ಎಲ್ಲ ಗೊತ್ತಿದೆ ಅಂದರೆ ವಿಡಿಯೋ ಕಾನ್ಫರೆನ್ಸ್‌ನಲ್ಲಿ ಸಾಕ್ಷ್ಯ ಪಡೆಯಿರಿ ಅಂತ ಅರ್ಜಿ ಹಾಕಿಸಿ. ಬಿಎನ್‌ಎಸ್‌ಎಸ್‌ನ 530ನೇ ಕಲಂ ಅದಕ್ಕೆ ದಾರಿ ಮಾಡಿದೆ.

## ಕೇಸು ಬಿದ್ದ ಮೇಲೆ, ಮತ್ತು ಕೆಲವು ಗಂಟಿನ ಪ್ರಶ್ನೆಗಳು

ಗೈರು ಅಂತ ಕೇಸು ಮುಗಿಸಿಬಿಟ್ಟಿದ್ದಾರೆ. ಅದೇ ಜಡ್ಜ್ ಹತ್ರ ಹೋಗಿ ಕೈಮುಗಿದು ಮತ್ತೆ ಓಪನ್ ಮಾಡಿಸಬಹುದಾ?

ಇಲ್ಲ. ಸಿವಿಲ್ ಕೇಸಿನಲ್ಲಿ ಗೈರಿಗೆ ವಜಾ ಆದ ದಾವೆಯನ್ನು ಅದೇ ಕೋರ್ಟಿನಲ್ಲಿ ಮತ್ತೆ ಕಡತಕ್ಕೆ ತರಿಸುತ್ತಾರೆ. ಅದನ್ನು ಕಂಡವರು ಇಲ್ಲೂ ಹಾಗೇ ಅಂದುಕೊಳ್ಳುತ್ತಾರೆ. ಮ್ಯಾಜಿಸ್ಟ್ರೇಟರಿಗೆ ತಮ್ಮ ಆದೇಶವನ್ನು ತಾವೇ ತಿರುಗಿಸುವ ಅಧಿಕಾರ ಇಲ್ಲ. 1986ರ ಗೌರಯಾ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿದೆ.

ಉಳಿದದ್ದು ಮೇಲ್ಮನವಿ. ಖಾಸಗಿ ದೂರಿನ ಖುಲಾಸೆ ಮೇಲೆ ಹೈಕೋರ್ಟಿನ ವಿಶೇಷ ಅನುಮತಿ ಕೇಳಿ ಹೋಗುವುದು ಹಳೇ ದಾರಿ, ಅದಕ್ಕೆ 60 ದಿನದ ಗಡುವು. ಚೆಕ್ ಕೇಸಿನಲ್ಲಿ ದುಡ್ಡು ಕಳೆದುಕೊಂಡವರೂ ‘ಸಂತ್ರಸ್ತರು’, ಅವರು ವಿಶೇಷ ಅನುಮತಿ ಇಲ್ಲದೇ ಮೇಲ್ಮನವಿ ಹಾಕಬಹುದು ಅಂತ 2025ರಲ್ಲಿ ಸುಪ್ರೀಂ ಕೋರ್ಟ್ ಸೆಲೆಸ್ಟಿಯಂ ಫೈನಾನ್ಶಿಯಲ್ ಕೇಸಿನಲ್ಲಿ ಹೇಳಿತು. ಎಲ್ಲಿ ಹಾಕುವುದು ಅಂತ ವಕೀಲರ ಜೊತೆ ಕೂತು ತೀರ್ಮಾನಿಸಿ, ಆದರೆ ಆದೇಶದ ದೃಢೀಕೃತ ನಕಲಿಗೆ ಅರ್ಜಿ ಮಾತ್ರ ಮೊದಲು ಕೊಡಿ. ಮೇಲಿನ ಕೋರ್ಟು ನೋಡುವುದು ಬರದಿದ್ದಕ್ಕೆ ಇದ್ದ ಕಾರಣ, ಮತ್ತು ಅದಕ್ಕೆ ಮುಂಚೆ ನೀವು ಎಷ್ಟು ಸರಿಯಾಗಿ ಬರುತ್ತಿದ್ದಿರಿ ಅನ್ನುವುದು. ಕಾರಣ ನಂಬುವಂತಿದ್ದರೆ, ಕೆಲವೊಮ್ಮೆ ಸ್ವಲ್ಪ ಖರ್ಚು ಕಟ್ಟಿಸಿಕೊಂಡು, ಕೇಸನ್ನು ವಾಪಸ್ ಕಳಿಸುತ್ತಾರೆ.

ಮೇಲ್ಮನವಿ ಯಾರಿಗೆ ಬೇಕು, ಹೊಸದಾಗಿ ಇನ್ನೊಂದು ದೂರು ಹಾಕಿದ್ರೆ?

ಯಾವ ಹಂತದಲ್ಲಿ ಬಿತ್ತು ಅನ್ನುವುದನ್ನು ನೋಡಬೇಕು. ಸಮನ್ಸ್ ಹೋದ ಮೇಲೆ ಖುಲಾಸೆ ಆಗಿದ್ದರೆ ಅದೇ ಆರೋಪಕ್ಕೆ ಎರಡನೇ ಸಲ ವಿಚಾರಣೆ ಮಾಡಲು ಬರುವುದಿಲ್ಲ. ಪ್ರಮಾಣ ಹೇಳಿಕೆ ಹಂತದಲ್ಲೇ ನೀವು ಬರದೆ ದೂರು ವಜಾ ಆಗಿದ್ದರೆ ಅದು ಖುಲಾಸೆ ಅಲ್ಲ, ಹೊಸ ದೂರಿಗೆ ಅಡ್ಡಿಯಿಲ್ಲ. ವಂಚನೆಯಂಥ ಎರಡು ವರ್ಷಕ್ಕಿಂತ ಜಾಸ್ತಿ ಶಿಕ್ಷೆಯ ಖಾಸಗಿ ದೂರಿನಲ್ಲಿ, ಆರೋಪ ಹೊರಿಸುವ ಮುಂಚೆ ದೂರುದಾರ ಗೈರಾದರೆ, ಅಪರಾಧ ರಾಜಿ ಆಗುವಂಥದ್ದು ಅಥವಾ ಪೊಲೀಸರು ತಾವಾಗಿ ಹಿಡಿಯಲು ಬಾರದಂಥದ್ದು ಆಗಿದ್ದರೆ ಮಾತ್ರ, ಆರೋಪಿಯನ್ನು ಡಿಸ್ಚಾರ್ಜ್ ಮಾಡಬಹುದು, ಅಂದರೆ ವಿಚಾರಣೆ ಪೂರ್ತಿ ನಡೆಸದೆ ಕೇಸಿನಿಂದ ಬಿಡಬಹುದು. ಅದೂ ಖುಲಾಸೆ ಅಲ್ಲ.

ಆದರೆ ಚೆಕ್ ಕೇಸಿನಲ್ಲಿ ಕಾಲದ ಕುಣಿಕೆ ಇದೆ. ಚೆಕ್ ವಾಪಸಾದ ಸುದ್ದಿ ತಿಳಿದು 30 ದಿನದೊಳಗೆ ನೋಟಿಸ್, ನೋಟಿಸ್ ತಲುಪಿ 15 ದಿನ ಕಾಯುವುದು, ಆಮೇಲೆ ಒಂದು ತಿಂಗಳೊಳಗೆ ದೂರು. ಮೊದಲ ದೂರು ಬೀಳುವ ಹೊತ್ತಿಗೆ ಈ ಗಡುವು ದಾಟಿ ಎಷ್ಟೋ ಆಗಿರುತ್ತದೆ. ತಡಕ್ಕೆ ಸರಿಯಾದ ಕಾರಣ ತೋರಿಸಿ ಮನ್ನಾ ಕೇಳಬಹುದು, ಸಿಗುತ್ತದೆ ಅಂತ ಯಾವ ವಕೀಲರೂ ಮಾತು ಕೊಡಲಾರರು.

ಕೋರ್ಟು ಮೊದಲೇ ಸ್ವಲ್ಪ ದುಡ್ಡು ಕೊಡಿಸಿತ್ತು. ಅದು ನನ್ನ ಹತ್ರನೇ ಇರುತ್ತಲ್ವಾ?

ಇರುವುದಿಲ್ಲ. ಚೆಕ್ ಕೇಸಿನಲ್ಲಿ ಚೆಕ್ ಮೊತ್ತದ 20 ಶೇಕಡಾವರೆಗೆ ಮಧ್ಯಂತರ ಪರಿಹಾರ ಕೊಡಿಸಬಹುದು. ಆದರೆ ಆರೋಪಿ ಖುಲಾಸೆಯಾದರೆ ಅದನ್ನು ಬಡ್ಡಿ ಸಮೇತ 60 ದಿನದೊಳಗೆ ವಾಪಸ್ ಕೊಡಿ ಅಂತ ಆದೇಶ ಬರುತ್ತದೆ. ಗೈರಾಗಿ ಬಿದ್ದರೂ ಖುಲಾಸೆ ಖುಲಾಸೆಯೇ.

ಅಪ್ಪ ಹಾಕಿದ್ದ ಕೇಸು. ಅವರು ತೀರ್ಕೊಂಡ್ರು. ಅಲ್ಲಿಗೆ ಮುಗೀತಾ?

ಸುಮ್ಮನಿದ್ದರೆ ಮುಗಿಯಬಹುದು. ದೂರುದಾರ ಬರದಿರಲು ಸಾವೇ ಕಾರಣವಾದರೂ ಗೈರಿಗೆ ಖುಲಾಸೆ ಮಾಡುವ ಆ 256/279ನೇ ಕಲಂ ಅನ್ವಯವಾಗುತ್ತದೆ. ಆದರೆ ವಾರಸುದಾರರು ಬಂದು ನಾವು ನಡೆಸುತ್ತೇವೆ ಅಂತ ಅನುಮತಿ ಕೇಳಬಹುದು. 2017ರಲ್ಲೂ ಸುಪ್ರೀಂ ಕೋರ್ಟ್ ಇದನ್ನು ಒಪ್ಪಿದೆ. ತಿಥಿ ಮುಗಿಯುತ್ತಿದ್ದಂತೆ ವಕೀಲರಿಗೆ ತಿಳಿಸಿ, ಮರಣ ಪ್ರಮಾಣ ಪತ್ರ ಮತ್ತು ವಂಶವೃಕ್ಷ ತೆಗೆದುಕೊಂಡು ಹೋಗಿ.

ನಮ್ಮ ಸೊಸೈಟಿ ಹಾಕಿದ ಕೇಸುಗಳಿವೆ. ಸಹಿ ಹಾಕಿದ್ದ ಕಾರ್ಯದರ್ಶಿ ನಿವೃತ್ತಿ ಆದ್ರು. ಅವರೇ ಬರ್ಬೇಕಾ?

ಬೇಡ. ದೂರುದಾರ ಸೊಸೈಟಿ, ಕಾರ್ಯದರ್ಶಿ ಅದರ ಪ್ರತಿನಿಧಿ. ಆಡಳಿತ ಮಂಡಳಿಯಲ್ಲಿ ಠರಾವು ಮಾಡಿ ಹೊಸಬರಿಗೆ ಅಧಿಕಾರ ಕೊಟ್ಟು, ಪ್ರತಿನಿಧಿ ಬದಲಾವಣೆಗೆ ಅರ್ಜಿ ಹಾಕಿ. ಹಳಬರು ಹೋಗಿ ಹೊಸಬರು ಬರುವ ನಡುವಿನ ತಿಂಗಳುಗಳಲ್ಲೇ ಇಂಥ ಕೇಸು ಬೀಳುವುದು.

ಉಲ್ಟಾ ಕೇಳ್ತೀನಿ ಸಾರ್. ನಾನು ಆರೋಪಿ. ದೂರು ಕೊಟ್ಟವನು ಬರ್ತಾನೇ ಇಲ್ಲ, ನಾನು ಮಾತ್ರ ಕಡೂರಿಂದ ಪ್ರತಿ ತಿಂಗಳು ಅಲೀತಿದ್ದೀನಿ. ನಾನೂ ಬಿಟ್ಟುಬಿಡ್ಲಾ?

ಬಿಡಬೇಡಿ. ಅವನು ಬರದಿದ್ದ ದಿನ ನೀವೂ ಬರದಿದ್ದರೆ ವಾರಂಟ್ ಆಗುವುದು ನಿಮಗೆ. ಖಾಸಗಿ ದೂರಾದರೆ ಪ್ರತಿ ವಾಯಿದೆಯಲ್ಲೂ ದೂರುದಾರ ಗೈರು ಅಂತ ಆರ್ಡರ್ ಶೀಟಿನಲ್ಲಿ ಬರೆಯಿಸಿಕೊಳ್ಳಿ. ಆಮೇಲೆ ನಿಮ್ಮ ವಕೀಲರು ಖುಲಾಸೆ ಕೇಳಿ ಒಂದು ಮೆಮೊ ಹಾಕಲಿ. ಪೊಲೀಸ್ ಕೇಸಾದರೆ, ಸಾಕ್ಷಿಗೆ ಎಷ್ಟು ಸಲ ಸಮನ್ಸ್ ಹೋಯಿತು, ಏನಂತ ವಾಪಸ್ ಬಂತು ಅಂತ ಕಡತ ನೋಡಿ, ಸಾಕ್ಷ್ಯ ಮುಗಿಸಿ ಅಂತ ಕೇಳಬಹುದು. ನಿಮಗೇ ಬರಲಾಗದ ದಿನ ನಿಮ್ಮ ಕಡೆಯಿಂದಲೂ ವಿನಾಯಿತಿ ಅರ್ಜಿ ಹೋಗಿರಲಿ.